ಮಾವಿನ ಚೌಕಟ್ಟಿನಿಂದ ಉದುರುವ ಬಿಳಿ ಪುಡಿ: ಒರಲೆಯೋ, ನುಸಿಯೋ?

ಪ್ರಶ್ನೆ (ಗದಗ)
ನಮ್ಮದು ಹಳೆಯ ಮಾಳಿಗೆ ಮನೆ. ತೊಲೆ, ಜಂತಿಗಳೆಲ್ಲ ಸಾಗವಾನಿಯವು. ನಡುಮನೆಯ ಬಾಗಿಲಿನ ಚೌಕಟ್ಟನ್ನು ಮಾತ್ರ ಈಚೆಗೆ ಮಾವಿನ ಕಟ್ಟಿಗೆಯಲ್ಲಿ ಮಾಡಿಸಿದೆವು. ಈಗ ಅದರ ಬುಡದಲ್ಲಿ ದಿನವೂ ಬಿಳಿ ಪುಡಿ ಬೀಳುತ್ತಿದ್ದು, ಗುಂಡುಸೂಜಿಯ ತಲೆಯಷ್ಟು ತೂತುಗಳು ಕಾಣುತ್ತಿವೆ. ಔಷಧ ಹೊಡೆಯುವವರು ಇಡೀ ಮನೆಯ ನೆಲ ಕೊರೆಯಬೇಕೆನ್ನುತ್ತಾರೆ. ಅದು ಅಗತ್ಯವೇ? ಜಂತಿಗಳಿಗೂ ಹಬ್ಬೀತೆಂಬ ಭಯವಿದೆ.

ಉತ್ತರ 1 (ಧಾರವಾಡ)
ನೀವು ಹೇಳಿದ ಲಕ್ಷಣ ನುಸಿಯದು. ಇದು ಲಿಕ್ಟಸ್ ಜಾತಿಯ ಚಿಕ್ಕ ದುಂಬಿ. ಕಟ್ಟಿಗೆಯ ಸೂಕ್ಷ್ಮ ನಾಳಗಳಲ್ಲಿ ಮೊಟ್ಟೆ ಇಡುತ್ತದೆ, ಮರಿಹುಳು ಒಳಗಿನ ಪಿಷ್ಟವನ್ನು ತಿನ್ನುತ್ತ ತಿಂಗಳುಗಟ್ಟಲೆ ಅಲ್ಲಿಯೇ ಬೆಳೆಯುತ್ತದೆ, ಕೊನೆಗೆ ದುಂಬಿಯಾಗಿ ಒಂದೆರಡು ಮಿಲಿಮೀಟರಿನ ತೂತು ಕೊರೆದು ಹೊರಬೀಳುತ್ತದೆ. ಆದ್ದರಿಂದ ತೂತು ಕಾಣುವ ಹೊತ್ತಿಗೆ ಒಳಗಿನ ಹಾನಿ ಹಳೆಯದಾಗಿರುತ್ತದೆ. ಮಾವು, ರಬ್ಬರ್ ಮರ, ಬಿದಿರು ಇದಕ್ಕೆ ಬಲು ಇಷ್ಟ. ಸಾಗವಾನಿಯ ಚೇಗಿಗೆ, ಅಂದರೆ ನಡುವಿನ ಗಟ್ಟಿ ಕಟ್ಟಿಗೆಗೆ, ಇದು ಬಾಯಿ ಹಾಕುವುದಿಲ್ಲ. ಜಂತಿಯ ಅಂಚಿನಲ್ಲಿ ಬಿಳಿ ಭಾಗ ಉಳಿದಿದ್ದರೆ ಅಷ್ಟನ್ನು ನೋಡಿಕೊಳ್ಳಿ.

ನೆಲ ಕೊರೆದು ಹಾಕುವ ಔಷಧ ಮಣ್ಣಿನಿಂದ ಏರಿ ಬರುವ ಒರಲೆಗೆ ಮಾತ್ರ ತಾಗುತ್ತದೆ. ಚೌಕಟ್ಟಿನೊಳಗಿನ ಹುಳುವಿಗೆ ಅದರಿಂದ ಏನೂ ಆಗದು. ಬಣ್ಣವನ್ನು ಪೂರ್ತಿ ಕೆರೆದು ತೆಗೆದು, ಬೋರಾಕ್ಸ್ ಮತ್ತು ಬೋರಿಕ್ ಆಮ್ಲವನ್ನು ಬಿಸಿನೀರಿನಲ್ಲಿ ಕರಗಿಸಿ ಎರಡು ಮೂರು ಸಲ ಬಳಿಯಿರಿ, ತೂತುಗಳಿಗೆ ಸಿರಿಂಜಿನಿಂದ ಹಾಯಿಸಿರಿ. ಬಣ್ಣದ ಮೇಲೆ ಬಳಿದರೆ ಒಳಗಿಳಿಯುವುದಿಲ್ಲ. ನೀರು ತಾಗುವಲ್ಲಿ ಲವಣ ತೊಳೆದುಹೋಗುತ್ತದೆ, ಆದುದರಿಂದ ಪೂರ್ತಿ ಒಣಗಿದ ಮೇಲೆ ಮತ್ತೆ ಬಣ್ಣ ಹಚ್ಚಬೇಕು. ಸೀಮೆಎಣ್ಣೆ ಸುರಿಯುವ ಹಳೆಯ ರೂಢಿ ಬೆಂಕಿಗೆ ಆಹ್ವಾನವೇ ಹೊರತು ಮದ್ದಲ್ಲ.

ಉತ್ತರ 2 (ಹುಬ್ಬಳ್ಳಿ)
ಅದಕ್ಕೂ ಮೊದಲು ಪುಡಿಯನ್ನು ಕಪ್ಪು ಕಾಗದದ ಮೇಲೆ ಬೆರಳಿನಿಂದ ತಿಕ್ಕಿ ನೋಡಿ. ನುಣ್ಣಗೆ ಹತ್ತಿದರೆ ನುಸಿಯೇ. ಗಸಗಸೆಯಂತೆ ಕಾಳುಕಾಳಾಗಿ ಉರುಳಿದರೆ ಅದು ಒಣಮರದ ಒರಲೆಯ ಹಿಕ್ಕೆ. ಭೂತಗನ್ನಡಿಯಲ್ಲಿ ಆರು ಮುಖಗಳು ಕಾಣುತ್ತವೆ. ಈ ಒರಲೆಗೆ ಮಣ್ಣಿನ ನಂಟೇ ಬೇಡ.

ಪ್ರಶ್ನೆ ಕೇಳಿದವರು
ನುಣ್ಣಗೆ ಹತ್ತಿತು. ಆದರೆ ಅಡುಗೆಮನೆಯ ಮೂಲೆಯಲ್ಲಿ ಗೋಡೆಯ ಮೇಲೆ ಮಣ್ಣಿನ ಗೆರೆಯೊಂದು ಕಂಡಿದೆ.

ಉತ್ತರ 3 (ಹುಬ್ಬಳ್ಳಿ)
ಹಾಗಾದರೆ ನಿಮ್ಮ ಮನೆಯಲ್ಲಿ ಎರಡು ಬೇರೆ ಬೇರೆ ಕೀಟಗಳಿರಬಹುದು: ಚೌಕಟ್ಟಿನಲ್ಲಿ ನುಸಿ, ಗೋಡೆಯ ಮೇಲೆ ಮಣ್ಣಿನಿಂದ ಏರಿದ ಒರಲೆ. ಆ ಗೆರೆಯನ್ನು ಒರೆಸಬೇಡಿ. ನಡುವೆ ಗೇಣುದ್ದ ಒಡೆದು ಬಿಡಿ. ಕೆಲವು ದಿನಗಳಲ್ಲಿ ಹಸಿ ಮಣ್ಣಿನಿಂದ ಮತ್ತೆ ಕಟ್ಟಿಕೊಂಡರೆ ಒರಲೆ ಓಡಾಡುತ್ತಿದೆ ಎಂದರ್ಥ. ಆಗ ನೆಲ ಕೊರೆಯುವ ಮಾತಿಗೆ ಅರ್ಥವುಂಟು. ಕಟ್ಟಡಗಳಲ್ಲಿ ಒರಲೆ ತಡೆಯಲು ಇರುವ ಭಾರತೀಯ ಮಾನಕ 6313ರ ಮೂರನೆಯ ಭಾಗದಂತೆ ಗೋಡೆ ಮತ್ತು ನೆಲ ಕೂಡುವಲ್ಲಿ 300 ಮಿಲಿಮೀಟರಿಗೊಂದರಂತೆ 12 ಮಿಲಿಮೀಟರ್ ಅಗಲದ ರಂಧ್ರ ಕೊರೆದು, ಪ್ರತಿಯೊಂದಕ್ಕೂ ಹೆಚ್ಚೆಂದರೆ 1 ಲೀಟರ್ ದ್ರಾವಣ ತುಂಬಬೇಕು. ಯಾವ ಔಷಧ, ಎಷ್ಟು ನೀರು ಎಂಬುದನ್ನು ಬರವಣಿಗೆಯಲ್ಲಿ ಕೇಳಿ ಪಡೆಯಿರಿ. ಹಿತ್ತಲಲ್ಲಿ ಬಾವಿಯಿದ್ದರೆ ಅದನ್ನು ಕೆಲಸ ಶುರುವಾಗುವ ಮೊದಲೇ ಅವರಿಗೆ ತೋರಿಸಿ, ಆ ಬದಿಯ ಗೋಡೆಯನ್ನು ಕೈಬಿಡುವಂತೆ ಹೇಳಿರಿ.