ಪ್ರಶ್ನೋತ್ತರ: ನಿವೃತ್ತಿಯ ಬಳಿಕ ಬಂದ ವಸೂಲಿ ನೋಟೀಸು

ಪೆರ್ಲದ ಸದಸ್ಯೆ: ಕೇರಳದ ಅನುದಾನಿತ ಕನ್ನಡ ಮಾಧ್ಯಮ ಶಾಲೆಯಿಂದ ಕಳೆದ ಮೇ ತಿಂಗಳಲ್ಲಿ ನಿವೃತ್ತಳಾಗಿದ್ದೇನೆ. ಹನ್ನೊಂದು ವರ್ಷಗಳ ಹಿಂದೆ ಸಿಕ್ಕಿದ ಗ್ರೇಡಿನಲ್ಲಿ (ಸೇವೆಯ ವರ್ಷಗಳನ್ನು ಎಣಿಸಿ ಕೊಡುವ ಮೇಲಿನ ವೇತನ ಶ್ರೇಣಿ) ವೇತನರಹಿತ ರಜೆಯನ್ನೂ ಸೇವೆಯೆಂದು ಎಣಿಸಿದ್ದು ತಪ್ಪೆಂದು ಈಗ ಆಡಿಟ್ ಆಕ್ಷೇಪ ಬಂದಿದ್ದು, ಗ್ರಾಚ್ಯುಯಿಟಿಯನ್ನು ತಡೆಹಿಡಿದಿದ್ದಾರೆ. ನೋಟೀಸು ಮಲಯಾಳದಲ್ಲಿದೆ. ಕಡಿತಕ್ಕೆ ಒಪ್ಪಿಗೆ ಬರೆದುಕೊಟ್ಟರೆ ಉಳಿದ ಹಣ ಬೇಗ ಸಿಗುತ್ತದೆ ಎನ್ನುತ್ತಾರೆ. ಬರೆದುಕೊಡಬಹುದೇ?

ವಕೀಲರು: ದಯವಿಟ್ಟು ಸಹಿ ಮಾಡಬೇಡಿ. ನಿವೃತ್ತರಿಂದಾಗಲಿ, ಒಂದು ವರ್ಷದೊಳಗೆ ನಿವೃತ್ತರಾಗುವವರಿಂದಾಗಲಿ ಹೀಗೆ ವಸೂಲಿ ಮಾಡುವುದು ಸಲ್ಲದೆಂದು ಸರ್ವೋಚ್ಚ ನ್ಯಾಯಾಲಯವು 2014ರ ಡಿಸೆಂಬರಿನಲ್ಲಿ ರಫೀಕ್ ಮಸೀಹ್ ಪ್ರಕರಣದಲ್ಲಿ ಹೇಳಿದೆ. ವಸೂಲಿ ಆದೇಶಕ್ಕೆ ಮೊದಲು ಐದು ವರ್ಷಕ್ಕಿಂತ ಹೆಚ್ಚು ಕಾಲ ಸಂದಾಯವಾಗಿದ್ದರೂ ಅದೇ ಮಾತು. 2022ರ ಮೇ 2ರಂದು ಥಾಮಸ್ ಡೇನಿಯಲ್ ಪ್ರಕರಣದಲ್ಲಿ, ಕೇರಳದವರೇ ಆದ ನಿವೃತ್ತ ಅಧ್ಯಾಪಕರೊಬ್ಬರಿಗೆ, ಇಲಾಖೆಯೇ ನಿಯಮವನ್ನು ತಪ್ಪಾಗಿ ಅರ್ಥೈಸಿ ಕೊಟ್ಟ ಹಣವನ್ನು ಮರಳಿ ಕೇಳಲಾಗದೆಂಬ ಪರಿಹಾರ ಸಿಕ್ಕಿತು. ಆದರೆ 2016ರ ಜಗದೇವ್ ಸಿಂಗ್ ತೀರ್ಪು ನಿಮಗೆ ಅಡ್ಡ ಬರಬಹುದು: ಹೆಚ್ಚಾದುದನ್ನು ಮರಳಿಸುವೆನೆಂದು ವೇತನ ಪರಿಷ್ಕರಣೆಯ ವೇಳೆ ಮುಚ್ಚಳಿಕೆ ಬರೆದುಕೊಟ್ಟವರಿಗೆ ಅಲ್ಲಿ ರಕ್ಷಣೆ ದೊರೆಯಲಿಲ್ಲ. ಆದುದರಿಂದ ಸೇವಾ ಪುಸ್ತಕದ ಪ್ರತಿಯನ್ನೂ ನೀವು ಸಹಿ ಹಾಕಿದ ವೇತನ ನಿಗದಿ ಪತ್ರಗಳನ್ನೂ ಮೊದಲು ತರಿಸಿಕೊಳ್ಳಿ. ಕೊಡದಿದ್ದರೆ ಮಾಹಿತಿ ಹಕ್ಕು ಅರ್ಜಿ ಹಾಕಿ.

ಕೇರಳ ಸೇವಾ ನಿಯಮಗಳ ಮೂರನೇ ಭಾಗದ 3ನೇ ನಿಯಮದ ಟಿಪ್ಪಣಿಯಂತೆ ಬಾಕಿಯನ್ನು ನಿವೃತ್ತಿಯಾದ ಮೂರು ವರ್ಷದೊಳಗೆ ನಿರ್ಧರಿಸಿ ತಿಳಿಸಬೇಕು. ನಿಮ್ಮ ನೋಟೀಸು ಆ ಅವಧಿಯೊಳಗೇ ಬಂದಿದೆ. ಅವಧಿ ಮೀರಿತೆಂಬ ವಾದ ನಿಮಗೆ ಒದಗದು. ಗ್ರಾಚ್ಯುಯಿಟಿಯಿಂದ ಕಡಿಯುವ ಮೊದಲು ವಿವರಣೆ ನೀಡಲು ಸಮಂಜಸ ಅವಕಾಶ ಕೊಡಬೇಕೆಂದೂ ಅಲ್ಲೇ ಇದೆ; ನಿಮ್ಮ ಹಿಡಿತ ಅಲ್ಲಿದೆ. ನೀವಾಗಿ ಕೊಟ್ಟ ಒಪ್ಪಿಗೆ ಪತ್ರವು ಅದನ್ನೂ ಸಡಿಲಗೊಳಿಸುತ್ತದೆ.

ಕುಂಬಳೆಯ ಸದಸ್ಯ: ಯಾವ ನೌಕರನಿಂದಲೂ ವಸೂಲಿ ಮಾಡುವಂತಿಲ್ಲ ಎಂಬ ತೀರ್ಪಿನ ಸಂದೇಶ ಎಲ್ಲ ಗುಂಪುಗಳಲ್ಲಿ ಬಂದಿದೆ. ಅದರೊಂದಿಗಿರುವ ಮಾದರಿ ಪತ್ರವನ್ನು ರಿಜಿಸ್ಟರ್ಡ್ ಅಂಚೆಯಲ್ಲಿ ಕಳುಹಿಸಿದರೆ ಸಾಕಂತೆ.

ವಕೀಲರು: ಅಂತಹ ತೀರ್ಪು ಇಲ್ಲ. ಆ ಪತ್ರವನ್ನು ನಂಬಿ ಗಡುವು ಕಳೆದುಕೊಂಡವರ ಕಡತಗಳು ನನ್ನ ಮೇಜಿನ ಮೇಲಿವೆ. ದಯವಿಟ್ಟು ಅದನ್ನು ಇನ್ನು ಯಾರಿಗೂ ಕಳುಹಿಸಬೇಡಿ.

ಬದಿಯಡ್ಕದ ಸದಸ್ಯ: ಅರ್ಹತೆಯಿಲ್ಲದೆ ಪಡೆದ ಹಣ ಜನರ ತೆರಿಗೆಯದ್ದು. ಮರಳಿಸುವುದರಲ್ಲಿ ತಪ್ಪೇನು?

ಕುಂಬಳೆಯ ಸದಸ್ಯ: ಲೆಕ್ಕ ಹಾಕಿದ್ದು ಕಚೇರಿ, ಮಂಜೂರು ಮಾಡಿದ್ದು ಅಧಿಕಾರಿ. ಅವರ ಸಂಬಳದಿಂದ ಕಡಿಯಲು ನೀವು ಹೇಳುವುದಿಲ್ಲವಲ್ಲ.

ಬದಿಯಡ್ಕದ ಸದಸ್ಯ: ತನ್ನ ಸಂಬಳದ ಲೆಕ್ಕ ತನಗೇ ತಿಳಿಯದು ಎನ್ನುವ ಅಧ್ಯಾಪಕರು ಮಕ್ಕಳಿಗೆ ಏನು ಕಲಿಸಿದರು?

ಪೆರ್ಲದ ಸದಸ್ಯೆ: ನನ್ನ ಮೂವತ್ತು ವರ್ಷಗಳ ಪಾಠದ ಬಗ್ಗೆ ನೀವು ಮಾತಾಡಬೇಕಾಗಿಲ್ಲ.

ಮಂಜೇಶ್ವರದ ಸದಸ್ಯೆ: ನನಗೂ ಇಂಥದ್ದೇ ನೋಟೀಸು ಬಂದಿದೆ. ಆಡಳಿತ ನ್ಯಾಯಮಂಡಳಿಗೆ ಹೋಗಬೇಕೇ?

ವಕೀಲರು: ಸರಕಾರಿ ಶಾಲೆಯವರು ಕೇರಳ ಆಡಳಿತ ನ್ಯಾಯಮಂಡಳಿಗೆ, ಅನುದಾನಿತ ಶಾಲೆಯವರು ಎರ್ನಾಕುಳಂನ ಹೈಕೋರ್ಟಿಗೆ.

ಮುಳ್ಳೇರಿಯದ ಸದಸ್ಯ: ಅನುದಾನಿತ ಶಾಲೆಯವರು ಎಲ್ಲಿಗೆ ಹೋಗಬೇಕು?

ವಕೀಲರು: ಮೇಲೆ ಓದಿ.

ಮುಳ್ಳೇರಿಯದ ಸದಸ್ಯ: ಕೇಳಿದ್ದಕ್ಕೆ ಇಷ್ಟು ಸಿಟ್ಟು ಏಕೆ? ನ್ಯಾಯಮಂಡಳಿಯ ಗಡುವನ್ನಾದರೂ ಹೇಳಿ.

ವಕೀಲರು: ಅಂತಿಮ ಆದೇಶದಿಂದ ಒಂದು ವರ್ಷ. 1985ರ ಆಡಳಿತ ನ್ಯಾಯಮಂಡಳಿ ಕಾಯಿದೆಯ 21ನೇ ಕಲಮು.

ಉಪ್ಪಳದ ಸದಸ್ಯ: ನಾನು ಕರ್ನಾಟಕ ಸರಕಾರದ ಸೇವೆಯಲ್ಲಿದ್ದು ನಿವೃತ್ತನಾದವನು. ತುಟ್ಟಿಭತ್ಯೆಯ ಹಳೆಯ ಬಾಕಿಯನ್ನು ಇಲ್ಲಿಂದಲೇ ಕೇಳಬಹುದೇ?

ಬದಿಯಡ್ಕದ ಸದಸ್ಯ: ಈ ಗುಂಪಿನಲ್ಲಿ ಕೇರಳದ ವಿಷಯ ಮಾತ್ರ ಎಂದು ಎಷ್ಟು ಸಲ ಹೇಳುವುದು?

ಕುಂಬಳೆಯ ಸದಸ್ಯ: ಗುಂಪು ನಿಮ್ಮೊಬ್ಬರದ್ದಲ್ಲ.

ಪೆರ್ಲದ ಸದಸ್ಯೆ: ಮಲಯಾಳದ ನೋಟೀಸನ್ನು ಕನ್ನಡದಲ್ಲಿ ಕೊಡಿ ಎಂದು ಕೇಳಿ ಕಾಯಬಹುದೇ? ನಾಳೆಯೇ ಸಹಿಗೆ ಬರಲು ಹೇಳಿದ್ದಾರೆ.

ವಕೀಲರು: ಕೇಳಿರಿ, ಕಾಯಬೇಡಿ. 1969ರ ಕೇರಳ ಅಧಿಕೃತ ಭಾಷಾ ಕಾಯಿದೆಯು ಕನ್ನಡಿಗರಿಗೆ ಕನ್ನಡದಲ್ಲಿ ವ್ಯವಹರಿಸುವ ಹಕ್ಕು ಕೊಟ್ಟಿದೆ. ಆದರೂ ಅನುವಾದ ಬರುವವರೆಗೆ ಗಡುವು ನಿಲ್ಲುತ್ತದೆಂದು ಭಾವಿಸಬೇಡಿ. ರಜೆಯ ವಿಷಯವನ್ನು ನಾನು ಮುಚ್ಚಿಟ್ಟಿಲ್ಲ, ಗ್ರೇಡನ್ನು ಮಂಜೂರು ಮಾಡಿದ್ದು ಇಲಾಖೆಯೇ, ಆಕ್ಷೇಪದ ಲೆಕ್ಕದ ಪ್ರತಿ ಬೇಕು, ವಿವಾದವಿಲ್ಲದ ಗ್ರಾಚ್ಯುಯಿಟಿಯನ್ನು ಕೂಡಲೇ ಬಿಡುಗಡೆ ಮಾಡಬೇಕು ಎಂದು ನಾಳೆ ಕನ್ನಡದಲ್ಲೇ ಬರೆದುಕೊಟ್ಟು, ನಕಲು ಪ್ರತಿಗೆ ಮೊಹರು ಹಾಕಿಸಿಕೊಳ್ಳಿ. ತಡವಾದ ಗ್ರಾಚ್ಯುಯಿಟಿಗೆ ಬಡ್ಡಿ ಕೊಡಬೇಕೆಂದು 1984ರಲ್ಲೇ ಕೇರಳ ಸರಕಾರದ ವಿರುದ್ಧ ಪದ್ಮನಾಭನ್ ನಾಯರ್ ಪ್ರಕರಣದಲ್ಲಿ ತೀರ್ಪಾಗಿದೆ, ಅದನ್ನೂ ಬರೆಯಿರಿ. ನೋಟೀಸು ಬಂದ ಲಕೋಟೆಯನ್ನು ಎಸೆಯಬೇಡಿ, ತಲಪಿದ ದಿನಾಂಕಕ್ಕೆ ಅದೇ ಸಾಕ್ಷಿ.