ಮುಧೋಳ ನಾಯಿಮರಿಗೆ ನಡಿಗೆ ಕಲಿಸಲು ಎಂಥ ಹಗ್ಗ, ಎಂಥ ಬೆಲ್ಟು ಕೊಳ್ಳಬೇಕು?

ಪ್ರಶ್ನೆ (ನವನಗರ, ಬಾಗಲಕೋಟೆ)

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ ಮುಧೋಳ ತಳಿಯ ಹೆಣ್ಣು ಮರಿಯೊಂದಿದೆ. ಹೆಸರು ಚಿಗರಿ, ಈಗ ಐದು ತಿಂಗಳು ತುಂಬಿವೆ. ಲಸಿಕೆಗಳು ಮುಗಿದು, ಹೊರಗೆ ಕರೆದೊಯ್ಯಬಹುದೆಂದು ಪಶುವೈದ್ಯರು ಹೇಳಿದ ಮೇಲೆ ದಿನವೂ ಬೆಳಿಗ್ಗೆ ಆರು ಗಂಟೆಗೆ ನಮ್ಮ ಸೆಕ್ಟರಿನ ಒಳರಸ್ತೆಗಳಲ್ಲಿ ನಡೆಸುತ್ತಿದ್ದೇನೆ. ಅಂಗಡಿಯವರ ಮಾತು ಕೇಳಿ, ಪ್ಲಾಸ್ಟಿಕ್ ಹಿಡಿಕೆಯೊಳಗೆ ತಾನೇ ಸುತ್ತಿಕೊಳ್ಳುವ, ನಾಯಿ ಎಳೆದಷ್ಟೂ ಬಿಚ್ಚಿಕೊಳ್ಳುವ ಐದು ಮೀಟರಿನ ದಾರವನ್ನು ಕೊಂಡಿದ್ದೆ. ಕಳೆದ ವಾರ ಬೀದಿನಾಯಿಗಳು ಬೊಗಳಿದ ಕೂಡಲೇ ಚಿಗರಿ ಜಿಗಿದು ಓಡಿತು. ದಾರವನ್ನು ತಡೆಯಲು ಹೋದ ನನ್ನ ಎರಡು ಬೆರಳುಗಳ ಚರ್ಮ ಸುಟ್ಟಂತೆ ಕಿತ್ತುಹೋಯಿತು. ಹಿಡಿಕೆ ಕೈತಪ್ಪಿ, ಸಿಮೆಂಟ್ ರಸ್ತೆಯ ಮೇಲೆ ಕಟಕಟನೆ ಸದ್ದು ಮಾಡುತ್ತ ಮರಿಯ ಹಿಂದೆಯೇ ಹೋಯಿತು. ಆ ಸದ್ದಿಗೆ ಅದು ಇನ್ನಷ್ಟು ಹೆದರಿ ಓಡಿತು. ಮೂಲೆಯೊಂದರಲ್ಲಿ ಸಿಕ್ಕಾಗ ಬೆಲ್ಟನ್ನು ಹಿಡಿದೆ. ಅದು ಹಿಂದಕ್ಕೆ ಸರಿದು ಒಮ್ಮೆ ತಲೆ ಕೊಡವಿತು, ಅಷ್ಟೇ. ಬೆಲ್ಟು ಕಿವಿಗಳ ಮೇಲಿಂದ ಜಾರಿ ನನ್ನ ಕೈಯಲ್ಲೇ ಉಳಿಯಿತು. ಎದುರುಮನೆಯ ಅಜ್ಜಿ ರೊಟ್ಟಿಯ ತುಣುಕು ತೋರಿಸಿ ಅಂಗಳದೊಳಗೆ ಕರೆದು ಗೇಟು ಹಾಕಿದ್ದರಿಂದ ಮರಿ ದಕ್ಕಿತು.

ಅಂದಿನಿಂದ ಅದನ್ನು ಹೊರಗೆ ಒಯ್ಯಲು ನನಗೆ ಧೈರ್ಯವೇ ಬರುತ್ತಿಲ್ಲ. ದಪ್ಪ ಕಬ್ಬಿಣದ ಚೈನು ತಂದರೆ ಎಲ್ಲ ಸರಿಹೋಗುತ್ತದೆ ಎಂದು ಮೈದುನ ಹೇಳುತ್ತಿದ್ದಾನೆ. ಕಟ್ಟಿಹಾಕುವುದು ನನ್ನ ಉದ್ದೇಶವಲ್ಲ. ನನ್ನ ಪಕ್ಕದಲ್ಲಿ ಎಳೆದಾಡದೆ ನಡೆಯುವುದನ್ನು ಅದು ಕಲಿಯಬೇಕು. ಅದಕ್ಕೆ ಹಗ್ಗ ಎಷ್ಟು ಉದ್ದವಿರಬೇಕು, ಯಾವುದರಿಂದ ಮಾಡಿದ್ದಿರಬೇಕು, ಕುತ್ತಿಗೆಗೆ ಹಾಕಬೇಕೋ ಎದೆಗೆ ಹಾಕಬೇಕೋ ಎಂಬುದನ್ನು ಅನುಭವವಿರುವವರು ದಯವಿಟ್ಟು ತಿಳಿಸಬೇಕು.

ಉತ್ತರ (ಲೋಕಾಪುರ, ಮುಧೋಳ ತಾಲ್ಲೂಕು)

ಅಕ್ಕಾ, ನಮಸ್ಕಾರ. ನಮ್ಮ ಮನೆಯಲ್ಲಿ ಮೂರು ತಲೆಮಾರಿನಿಂದ ಈ ನಾಯಿಗಳಿವೆ. ಹಗ್ಗದ ಮಾತಿಗೆ ಮೊದಲು ಬೆಲ್ಟಿನ ಮಾತು ಮುಗಿಸಬೇಕು, ಏಕೆಂದರೆ ನಿಮ್ಮ ಮರಿ ತಪ್ಪಿಸಿಕೊಂಡದ್ದರಲ್ಲಿ ಅರ್ಧ ಪಾಲು ಬೆಲ್ಟಿನದು. ಒಂದು ಟೇಪು ತೆಗೆದುಕೊಂಡು ಚಿಗರಿಯ ಕಿವಿಗಳ ಹಿಂದೆ ಕುತ್ತಿಗೆಯ ಸುತ್ತಳತೆಯನ್ನೂ, ಆಮೇಲೆ ಕಿವಿಗಳ ಮುಂದೆ ತಲೆಯ ಸುತ್ತಳತೆಯನ್ನೂ ಅಳೆದು ನೋಡಿ. ಎರಡಕ್ಕೂ ಹೆಚ್ಚು ಅಂತರ ಸಿಗುವುದಿಲ್ಲ. ಲ್ಯಾಬ್ರಡಾರ್‌ನಂಥ ಅಗಲ ತಲೆಯ ನಾಯಿಗೆ ಬೆಲ್ಟು ತಲೆಯ ಬಳಿ ತಡೆದು ನಿಲ್ಲುತ್ತದೆ. ಮುಧೋಳದಂಥ ಉದ್ದ ಮೋರೆಯ, ಕಿರಿದಾದ ತಲೆಯ ನಾಯಿ ಹಿಂದಕ್ಕೆ ಸರಿದರೆ ಸಾಕು, ಕಳಚಿಬೀಳುತ್ತದೆ. ಜಾರಬಾರದೆಂದು ಬಿಗಿಯಾಗಿ ಕಟ್ಟಿದರೆ ನಾಯಿಗೆ ಉಸಿರು ಕಟ್ಟುತ್ತದೆ.

ಇದಕ್ಕೆಂದೇ ಮಾರ್ಟಿಂಗೇಲ್ ಎಂಬ ಬೆಲ್ಟು ಇದೆ. ಅದರಲ್ಲಿ ಎರಡು ಸುತ್ತುಗಳಿರುತ್ತವೆ: ದೊಡ್ಡ ಸುತ್ತು ಕುತ್ತಿಗೆಯ ಮೇಲೆ ಸಡಿಲವಾಗಿ ಕೂರುತ್ತದೆ, ಅದರ ಎರಡು ತುದಿಗಳ ಬಳೆಗಳೊಳಗೆ ಹಾದುಬರುವ ಚಿಕ್ಕ ಸುತ್ತಿಗೆ ಹಗ್ಗದ ಕೊಂಡಿ ಸೇರುತ್ತದೆ. ನಾಯಿ ಎಳೆದಾಗ ಚಿಕ್ಕ ಸುತ್ತು ಜಗ್ಗಿಕೊಂಡು ದೊಡ್ಡದನ್ನು ತುಸು ಬಿಗಿಗೊಳಿಸುತ್ತದೆ, ಎಳೆತ ನಿಂತೊಡನೆ ಮತ್ತೆ ಸಡಿಲವಾಗುತ್ತದೆ. ಪೂರ್ತಿ ಬಿಗಿಯಾದಾಗಲೂ ಆ ಎರಡು ಬಳೆಗಳು ಒಂದಕ್ಕೊಂದು ತಾಗಬಾರದು, ನಡುವೆ ಎರಡು ಬೆರಳಿನಷ್ಟು ಜಾಗ ಉಳಿಯಬೇಕು. ತಾಗಿದರೆ ಅಳತೆ ದೊಡ್ಡದಾಯಿತೆಂದೇ ಅರ್ಥ. ಪಟ್ಟಿ ಒಂದೂವರೆ ಇಂಚು ಅಗಲವಿದ್ದು, ಒಳಗೆ ಮೆತ್ತನೆಯ ಬಟ್ಟೆ ಇರಲಿ, ಏಕೆಂದರೆ ಈ ತಳಿಯ ತೊಗಲು ತೆಳು, ಕೂದಲು ಗಿಡ್ಡ. ಕಿರಿದಾದ ನೈಲಾನ್ ಪಟ್ಟಿ ಬಹು ಬೇಗ ಗಾಯ ಮಾಡುತ್ತದೆ. ನಡಿಗೆ ಮುಗಿದ ಮೇಲೆ ಮನೆಯೊಳಗೆ ಇದನ್ನು ತೆಗೆದಿಡಬೇಕು. ಗೇಟಿನ ಸರಳಿಗೋ ಮಂಚದ ಕಾಲಿಗೋ ಸಿಕ್ಕಿಕೊಂಡರೆ ನಾಯಿ ಎಳೆಯುತ್ತಿರುವವರೆಗೂ ಬಿಗಿದೇ ಇರುವ ವಸ್ತು ಅದು.

2005ರಲ್ಲಿ ಅಂಚೆ ಇಲಾಖೆ ಈ ನಾಯಿಯ ಅಂಚೆ ಚೀಟಿ ತಂದಿತು, 2016ರಲ್ಲಿ ಸೇನೆಯವರು ತರಬೇತಿಗೆಂದು ಮರಿಗಳನ್ನು ಮೀರತ್‌ಗೆ ಒಯ್ದರು. ಇಷ್ಟೆಲ್ಲ ಹೆಸರು ಬಂದ ಮೇಲೂ ಅದರ ಕುತ್ತಿಗೆಗೆ ಒಪ್ಪುವ ಬೆಲ್ಟು ಅದರ ಸ್ವಂತ ನಾಡಿನ ಅಂಗಡಿಗಳಲ್ಲಿ ನನಗೆ ಸಿಗಲಿಲ್ಲವೆಂಬುದು ನನ್ನ ಮನಸ್ಸಿಗೆ ನೋವಿನ ಸಂಗತಿ. ಕೊನೆಗೆ ಶಾಲೆಯ ಚೀಲಗಳನ್ನು ಹೊಲಿಯುವವರೊಬ್ಬರಿಗೆ ಅಳತೆ ಕೊಟ್ಟು ಹೊಲಿಸಿಕೊಂಡೆ. ನೀವೂ ಹಾಗೆ ಮಾಡಬಹುದು. ಬಿಡುವಾದಾಗ ಮುಧೋಳದ ಹತ್ತಿರದ ತಿಮ್ಮಾಪುರದಲ್ಲಿರುವ ಪಶುವೈದ್ಯಕೀಯ ವಿಶ್ವವಿದ್ಯಾಲಯದ ಶ್ವಾನ ಸಂಶೋಧನಾ ಕೇಂದ್ರಕ್ಕೂ ಮರಿಯನ್ನು ಕರೆದುಕೊಂಡು ಹೋಗಿಬನ್ನಿ. ಈ ತಳಿಯನ್ನೇ ದಿನವೂ ನೋಡುವವರು ಅಲ್ಲಿದ್ದಾರೆ.

ಉತ್ತರ (ಟಿಳಕವಾಡಿ, ಬೆಳಗಾವಿ)

ಬೆಲ್ಟಿನ ಬಗ್ಗೆ ಲೋಕಾಪುರದವರು ಹೇಳಿದ್ದು ನೂರಕ್ಕೆ ನೂರು ಸರಿ. ನಾನು ಹಗ್ಗದ ಬಗ್ಗೆ ಹೇಳುತ್ತೇನೆ.

ತಾನೇ ಸುತ್ತಿಕೊಳ್ಳುವ ಆ ದಾರವನ್ನು ಮೊದಲು ಬದಿಗಿಡಿ. ಅದು ಬೆರಳು ಕೊಯ್ಯುತ್ತದೆ ಎಂಬುದಕ್ಕಿಂತ ದೊಡ್ಡ ದೋಷ ಅದರ ಕೆಲಸದ ರೀತಿಯಲ್ಲೇ ಇದೆ. ಒಳಗಿನ ಸ್ಪ್ರಿಂಗ್ ಯಾವಾಗಲೂ ದಾರವನ್ನು ಹಿಂದಕ್ಕೆ ಜಗ್ಗುತ್ತಿರುವುದರಿಂದ ನಾಯಿಯ ಕುತ್ತಿಗೆಗೆ ಸಡಿಲವೆಂದರೇನೆಂದು ಗೊತ್ತೇ ಆಗುವುದಿಲ್ಲ. ಎಳೆದರೆ ದಾರ ಬಿಚ್ಚಿಕೊಳ್ಳುತ್ತದೆ, ಮುಂದೆ ಹೋಗಲು ಸಿಗುತ್ತದೆ ಎಂಬುದನ್ನು ಮಾತ್ರ ಅದು ದಿನವೂ ಕಲಿಯುತ್ತದೆ. ನಾವು ಕಲಿಸಬೇಕಾದದ್ದು ಇದಕ್ಕೆ ತದ್ವಿರುದ್ಧ: ಹಗ್ಗ ಸಡಿಲವಿದ್ದಾಗ ಮಾತ್ರ ದಾರಿ ಸಾಗುತ್ತದೆ ಎಂಬುದು.

ಆದ್ದರಿಂದ ಒಂದೇ ಅಳತೆಯ, ಆರು ಅಡಿ ಉದ್ದದ ಹಗ್ಗ ಬೇಕು. ನಾಲ್ಕು ಅಡಿಯದಾದರೆ ನಾಯಿ ಪಕ್ಕದಿಂದ ತುಸು ಸರಿದರೂ ಹಗ್ಗ ಬಿಗಿಯುತ್ತದೆ. ಹತ್ತು ಅಡಿಯದಾದರೆ ಕಾಲಿಗೆ ತೊಡರುತ್ತದೆ, ದ್ವಿಚಕ್ರ ವಾಹನ ಬಂದಾಗ ಸುತ್ತಿಕೊಳ್ಳಲು ಸಮಯ ಸಿಗುವುದಿಲ್ಲ. ಆರು ಅಡಿಯಲ್ಲಿ ನಾಯಿ ಪಕ್ಕಕ್ಕಿದ್ದಾಗ ಹಗ್ಗ ಇಂಗ್ಲಿಷಿನ ಜೆ ಅಕ್ಷರದಂತೆ ಕೆಳಗೆ ಬಾಗಿ ತೂಗುತ್ತದೆ. ಆ ಬಾಗು ಕಣ್ಣಿಗೆ ಕಾಣುತ್ತಿದ್ದರೆ ನೀವೂ ನಾಯಿಯೂ ಸರಿಯಾಗಿ ನಡೆಯುತ್ತಿದ್ದೀರಿ. ಮರಿಗೆ ಅರ್ಧ ಇಂಚಿನಿಂದ ಮುಕ್ಕಾಲು ಇಂಚು ಅಗಲ ಸಾಕು. ಬೆಳೆದ ಮೇಲೆ ಇಪ್ಪತ್ತು ಕಿಲೋ ದಾಟುವ ನಾಯಿಯಾದ್ದರಿಂದ ಮುಂದೆ ಮುಕ್ಕಾಲಿನಿಂದ ಒಂದು ಇಂಚಿನದು ಬೇಕಾಗುತ್ತದೆ.

ದಪ್ಪ ನೇಯ್ಗೆಯ ಹತ್ತಿಯ ಪಟ್ಟಿ ಕಲಿಸುವವರ ಕೈಗೆ ಹಿತ. ನೈಲಾನ್ ಗಟ್ಟಿಯೇನೋ ಹೌದು, ಅಗ್ಗವೂ ಹೌದು, ಆದರೆ ನಾಯಿ ಜಿಗಿದಾಗ ಅಂಗೈಯಲ್ಲಿ ಸರ್ರನೆ ಜಾರಿ ಬೊಬ್ಬೆ ಎಬ್ಬಿಸುತ್ತದೆ. ಹತ್ತಿಯದು ಬೆಳಗಾವಿಯ ಮಳೆಗಾಲದಲ್ಲಿ ನೆನೆದು ಭಾರವಾಗುತ್ತದೆ, ಒಣಗಿಸದೆ ಮಡಿಸಿಟ್ಟರೆ ಮುಗ್ಗುತ್ತದೆ. ನಿಮ್ಮ ಬಾಗಲಕೋಟೆಯ ಬಿಸಿಲಿಗೆ ಆ ಚಿಂತೆ ಕಡಿಮೆ. ಪಟ್ಟಿಗಿಂತ ಹೆಚ್ಚು ಗಮನ ಕೊಡಬೇಕಾದದ್ದು ಕೊಂಡಿಗೆ. ಹಗ್ಗ ಹರಿಯುವ ಮೊದಲು ಸವೆದ ನೂಲು ಕಾಣುತ್ತದೆ, ಆದರೆ ಅಚ್ಚಿಗೆ ಸುರಿದ ಅಗ್ಗದ ಲೋಹದ ಕೊಂಡಿ ಯಾವ ಮುನ್ಸೂಚನೆಯೂ ಇಲ್ಲದೆ ಮುರಿಯುತ್ತದೆ. ಹಿತ್ತಾಳೆಯ ಅಥವಾ ಸ್ಟೀಲಿನ, ಬುಡದಲ್ಲಿ ಸುತ್ತ ತಿರುಗುವ ಕೊಂಡಿಯನ್ನೇ ಆರಿಸಿ. ಅಂಗಡಿಯಲ್ಲೇ ಅದರ ಗುಂಡಿಯನ್ನು ಹತ್ತಾರು ಸಲ ಒತ್ತಿ ಬಿಟ್ಟು, ಪ್ರತಿ ಸಲವೂ ತಾನಾಗಿ ಪೂರ್ತಿ ಮುಚ್ಚುತ್ತದೆಯೇ ನೋಡಿ. ಪಟ್ಟಿ ಕೊಂಡಿಗೆ ಸೇರುವ ಜಾಗದಲ್ಲಿ ಚೌಕ ಹಾಕಿ ನಡುವೆ ಅಡ್ಡಡ್ಡ ಹೊಲಿದಿದ್ದಾರೆಯೇ ಎಂಬುದನ್ನೂ ನೋಡಿ.

ಕಲಿಸುವ ವಿಧಾನ ಹೇಳುವುದಾದರೆ, ಎರಡು ದಿನ ಮನೆಯೊಳಗೆ, ನಿಮ್ಮ ಕಣ್ಣೆದುರಿಗೆ, ಸಾಮಾನ್ಯ ಬೆಲ್ಟಿಗೆ ಹಗುರವಾದ ಹಗ್ಗ ಸಿಕ್ಕಿಸಿ ಎಳೆದುಕೊಂಡು ಓಡಾಡಲು ಬಿಡಿ. ಅದರ ಭಯ ಹೋಗುತ್ತದೆ. ಆಮೇಲೆ ಅಂಗಳದಲ್ಲಿ ಐದೈದು ನಿಮಿಷ ನಡೆಸಿ. ಹಗ್ಗದ ಕುಣಿಕೆಯನ್ನು ಬಲಗೈಯಲ್ಲಿ ಹಿಡಿದು, ಮರಿಯನ್ನು ಎಡಕ್ಕೆ ಇಟ್ಟುಕೊಂಡು, ಅದು ನಿಮ್ಮ ಮೊಣಕಾಲಿನ ಪಕ್ಕಕ್ಕೆ ಬಂದಾಗಲೆಲ್ಲ ಅಲ್ಲಿಯೇ, ಆ ಮೊಣಕಾಲಿನ ಬಳಿಯೇ, ಬೇಯಿಸಿದ ಕೋಳಿಯ ಚೂರನ್ನೋ ಮೊಟ್ಟೆಯ ಚೂರನ್ನೋ ಕೊಡಿ. ಮುಂದೆ ಎಳೆದರೆ ಮರದಂತೆ ನಿಂತುಬಿಡಿ. ಜಗ್ಗಬೇಡಿ, ಬೈಯಬೇಡಿ. ಅದು ತಿರುಗಿ ನೋಡಿ ಹಗ್ಗ ಸಡಿಲವಾದ ಕ್ಷಣವೇ ಹೆಜ್ಜೆ ಇಡಿ. ಮೊದಲ ದಿನ ಹತ್ತು ಮಾರು ಸಾಗಲು ಕಾಲು ಗಂಟೆ ಹಿಡಿದರೂ ಬೇಸರ ಬೇಡ.

ಬೀದಿನಾಯಿಗಳನ್ನು ಕಂಡಾಗ ನಮ್ಮ ಕೈ ತಾನಾಗಿಯೇ ಹಗ್ಗವನ್ನು ಬಿಗಿ ಹಿಡಿಯುತ್ತದೆ, ನಾನೂ ಎಷ್ಟೋ ದಿನ ಹಾಗೆಯೇ ಮಾಡುತ್ತಿದ್ದೆ. ಬಿಗಿದ ಹಗ್ಗದಿಂದ ಮರಿಯ ಎದೆ ಮೇಲೆದ್ದು ತಲೆ ಸೆಟೆದು ನಿಲ್ಲುತ್ತದೆ; ಎದುರಿನ ನಾಯಿಗಳಿಗೆ ಅದು ಜಗಳದ ಭಂಗಿಯಾಗಿ ಕಾಣುತ್ತದೆ, ಮರಿಗೂ ಏನೋ ಅಪಾಯವಿದೆ ಎಂಬ ಸುದ್ದಿ ಹಗ್ಗದ ಮೂಲಕವೇ ಮುಟ್ಟುತ್ತದೆ. ಅವು ದೂರವಿರುವಾಗಲೇ ಹಗ್ಗ ಸಡಿಲವಿಟ್ಟು, ಬಿಲ್ಲಿನಂತೆ ಬಾಗಿದ ದಾರಿಯಲ್ಲಿ ಆಚೆಗೆ ತಿರುಗಿ ನಡೆಯುವುದು ಲೇಸು.

ಮರುಪ್ರಶ್ನೆ (ನವನಗರ, ಬಾಗಲಕೋಟೆ)

ಇಷ್ಟು ವಿವರವಾಗಿ ಬರೆದದ್ದಕ್ಕೆ ಇಬ್ಬರಿಗೂ ಕೃತಜ್ಞತೆಗಳು. ಅಳತೆ ತೆಗೆದೆ, ಕುತ್ತಿಗೆಗೂ ತಲೆಗೂ ಅರ್ಧ ಇಂಚಿನ ವ್ಯತ್ಯಾಸವೂ ಇಲ್ಲ. ಮೈದುನನಿಗೆ ಚೈನಿನ ಬಗ್ಗೆ ಏನು ಹೇಳಲಿ? ಹಾಗೆಯೇ, ಬಯಲಿನಲ್ಲಿ ಓಡಲು ಬಿಡಬೇಕೆಂದರೆ ಉದ್ದ ಹಗ್ಗ ಬಳಸಬಹುದೇ?

ಉತ್ತರ (ವಿಜಯಪುರ)

ಚೈನಿನ ಬಗ್ಗೆ ನಾನು ಹೇಳಬಲ್ಲೆ, ಏಕೆಂದರೆ ನನ್ನ ಹಿಂದಿನ ನಾಯಿಯನ್ನು ಬಹಳ ವರ್ಷ ಚೈನಿನಲ್ಲೇ ತಿರುಗಾಡಿಸಿದೆ. ನಾಯಿ ಕಚ್ಚಿ ತುಂಡು ಮಾಡಲಾರದು ಎಂಬ ಒಂದೇ ಗುಣ ಅದಕ್ಕಿದೆ. ಆದರೆ ಕಚ್ಚುವುದನ್ನು ಅದು ಬಿಡಿಸಲಿಲ್ಲ. ನನ್ನ ನಾಯಿಯ ಕೋರೆಹಲ್ಲುಗಳು ಸವೆದು ಚಪ್ಪಟೆಯಾದದ್ದನ್ನು ಪಶುವೈದ್ಯರು ಬಾಯಿ ತೆರೆದು ತೋರಿಸಿದ ದಿನ ನನಗೆ ಆದ ಸಂಕಟ ಈಗಲೂ ಇದೆ. ಮೇ ತಿಂಗಳ ನಮ್ಮ ಬಿಸಿಲಿನಲ್ಲಿ ಅಂಗಳದಲ್ಲಿ ಬಿದ್ದ ಚೈನನ್ನು ಬರಿಗೈಯಲ್ಲಿ ಹಿಡಿಯಲಾಗುವುದಿಲ್ಲ, ಅದೇ ನಾಯಿಯ ಕುತ್ತಿಗೆಗೆ ತಾಗುತ್ತದೆ. ಅದರ ಭಾರ ಸದಾ ಬೆಲ್ಟನ್ನು ಕೆಳಕ್ಕೆ ಜಗ್ಗುವುದರಿಂದ ಹಗ್ಗ ಸಡಿಲವಾಯಿತೋ ಬಿಗಿಯಾಯಿತೋ ಎಂಬ ಸೂಕ್ಷ್ಮ ನಾಯಿಗೆ ತಿಳಿಯುವುದೇ ಇಲ್ಲ. ಎಳೆದರೆ ಕೊರಳು ಬಿಗಿಯುವ ಚೋಕ್ ಚೈನನ್ನಂತೂ ಯಾರು ಹೇಳಿದರೂ ತರಬೇಡಿ. ಉದ್ದ, ತೆಳು ಕುತ್ತಿಗೆಯ ಈ ನಾಯಿಗೆ ಅದರಿಂದ ಶ್ವಾಸನಾಳಕ್ಕೇ ಪೆಟ್ಟಾಗಬಹುದು.

ಉತ್ತರ (ಅಥಣಿ)

ಚರ್ಮದ ಬಾರಿನ ಹೆಸರು ಯಾರೂ ಎತ್ತಲಿಲ್ಲ. ನಮ್ಮಲ್ಲಿ ಚಪ್ಪಲಿಗಾಗಿ ಜಾಲಿ ತೊಗಟೆ, ಅಳಲೆಕಾಯಿಗಳಿಂದ ಹದ ಮಾಡಿದ ಚರ್ಮ ಸಿಗುತ್ತದೆ. ಚಪ್ಪಲಿ ಹೊಲಿಯುವ ಹಿರಿಯರೊಬ್ಬರಿಂದ ಆರು ಅಡಿಯ ಬಾರು ಮಾಡಿಸಿ, ಹಿತ್ತಾಳೆ ಕೊಂಡಿ ಹಾಕಿಸಿಕೊಂಡಿದ್ದೇನೆ. ಮೊದಲ ತಿಂಗಳು ಬಿರುಸಾಗಿತ್ತು. ಆಗಾಗ ಸ್ವಲ್ಪ ಕೊಬ್ಬರಿ ಎಣ್ಣೆ ಸವರಿದ ಮೇಲೆ ಅಂಗೈಗೆ ಒಗ್ಗಿ ಮೆತ್ತಗಾಗಿದೆ, ಎಷ್ಟು ಜೋರಾಗಿ ಎಳೆದರೂ ಜಾರುವುದಿಲ್ಲ. ಆದರೆ ಹಲ್ಲು ಬದಲಾಗುತ್ತಿರುವ ಮರಿಗೆ ಅದು ತಿಂಡಿಯೇ ಸರಿ. ಚಿಗರಿಗೆ ವರ್ಷ ತುಂಬಲಿ, ಆಮೇಲೆ ಮಾಡಿಸಿ. ಅಲ್ಲಿಯವರೆಗೆ ಹತ್ತಿಯೇ ಇರಲಿ.

ಉತ್ತರ (ಲೋಕಾಪುರ, ಮುಧೋಳ ತಾಲ್ಲೂಕು)

ಅಕ್ಕಾ, ಉದ್ದ ಹಗ್ಗ ಬಳಸಬಹುದು, ಕರೆದಾಗ ಬರುವುದನ್ನು ಕಲಿಸಲು ಅದು ಬೇಕೂ ಬೇಕು. ಆದರೆ ಅದನ್ನು ಎಂದೂ ಕುತ್ತಿಗೆಯ ಬೆಲ್ಟಿಗೆ ಸಿಕ್ಕಿಸಬಾರದು. ಇದನ್ನು ನಾನು ಸ್ವತಃ ತಪ್ಪು ಮಾಡಿ ಕಲಿತವನು. ಕಡಲೆ ಕಿತ್ತ ಎರೆ ಹೊಲದಲ್ಲಿ ಎಂಟು ಮೀಟರಿನ ಹಗ್ಗವನ್ನು ಬೆಲ್ಟಿಗೆ ಕಟ್ಟಿ ನಿಂತಿದ್ದೆ. ಬದುವಿನಿಂದ ಮೊಲವೊಂದು ಎದ್ದಿತು. ಈ ನಾಯಿ ಕೆಲವೇ ನೆಗೆತಗಳಲ್ಲಿ ಭಾರಿ ವೇಗಕ್ಕೆ ಬರುತ್ತದೆ. ಹಗ್ಗದ ತುದಿ ಮುಟ್ಟಿದಾಗ ಅದರ ತಲೆ ಅಲ್ಲೇ ನಿಂತಿತು, ಮೈ ಮಾತ್ರ ಗಾಳಿಯಲ್ಲಿ ತಿರುಗಿ ಬಿತ್ತು. ಹದಿನೈದು ದಿನ ಕುತ್ತಿಗೆ ಹೊರಳಿಸಲಾರದೆ ನರಳಿತು. ಅಂದಿನಿಂದ ಉದ್ದ ಹಗ್ಗವೆಂದರೆ ಎದೆಪಟ್ಟಿಯ ಬೆನ್ನಿನ ಮೇಲಿನ ಬಳೆಗೆ ಮಾತ್ರ. ಅಂಗಡಿಯವರು ಹಾರ್ನೆಸ್ ಎನ್ನುವ ಆ ಪಟ್ಟಿಯಲ್ಲಿಯೂ, ಆಳ ಎದೆಯ, ಸಣ್ಣ ನಡುವಿನ ಈ ನಾಯಿ ಹಿಂದಕ್ಕೆ ಸರಿದು ಕಳಚಿಕೊಳ್ಳಬಲ್ಲದು. ಪಕ್ಕೆಲುಬುಗಳ ಹಿಂದೆ, ನಡು ಸಣ್ಣದಾಗುವಲ್ಲಿ ಮೂರನೆಯ ಪಟ್ಟಿ ಇರುವುದನ್ನೇ ಕೇಳಿ. ಉದ್ದ ಹಗ್ಗದ ತುದಿಯಲ್ಲಿ ಕುಣಿಕೆಯಾಗಲಿ ಗಂಟಾಗಲಿ ಇದ್ದರೆ ಹೊಲದ ಕಲ್ಲು, ಬೇರುಗಳಿಗೆ ಸಿಕ್ಕುತ್ತದೆ, ಬಿಚ್ಚಿಸಿಬಿಡಿ. ಕೈಗವಸು ಹಾಕಿಕೊಳ್ಳಿ. ಹಗ್ಗವನ್ನು ಅಂಗೈಗೆ ಸುತ್ತಿಕೊಳ್ಳಲೇಬೇಡಿ.

ನಮ್ಮ ಅಜ್ಜನ ಕಾಲದಲ್ಲಿ ಹಗ್ಗವನ್ನು ಬೆಲ್ಟಿನ ಬಳೆಯೊಳಗೆ ತೂರಿಸಿ ಎರಡೂ ತುದಿಗಳನ್ನು ಒಂದೇ ಕೈಯಲ್ಲಿ ಹಿಡಿಯುತ್ತಿದ್ದರು. ಬೇಟೆಯಲ್ಲಿ ಒಂದು ತುದಿ ಬಿಟ್ಟರೆ ಸಾಕು, ನಾಯಿ ಬಾಣದಂತೆ ಹೊರಡುತ್ತಿತ್ತು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಆ ಬೇಟೆ ನಿಂತಿತು, ನಿಲ್ಲಲೇಬೇಕಿತ್ತು. ಆದರೆ ನಾಯಿಯ ರಕ್ತದೊಳಗಿನ ಓಟ ನಿಂತಿಲ್ಲ. ಅದಕ್ಕೇ ಹೇಳುತ್ತಿದ್ದೇನೆ, ಸುತ್ತ ಗೋಡೆಯಿಲ್ಲದ ಬಯಲಿನಲ್ಲಿ ಚಿಗರಿ ಎಷ್ಟೇ ಮಾತು ಕೇಳಿದರೂ ಹಗ್ಗ ಬಿಚ್ಚಬೇಡಿ.

ಮೂರು ವಾರಗಳ ನಂತರ (ನವನಗರ, ಬಾಗಲಕೋಟೆ)

ಎಲ್ಲರಿಗೂ ವಂದನೆಗಳು. ಬ್ಯಾಗ್ ಹೊಲಿಯುವವರಿಂದ ಎರಡು ಸುತ್ತಿನ ಬೆಲ್ಟನ್ನು ಹೊಲಿಸಿದೆ. ಒಳಗೆ ಹಳೆಯ ಇಳಕಲ್ಲ ಸೀರೆಯ ಬಟ್ಟೆಯನ್ನು ನಾಲ್ಕು ಪದರ ಮಡಿಸಿ ಕೊಟ್ಟೆ. ಆರು ಅಡಿಯ ಹತ್ತಿಯ ಪಟ್ಟಿಗೆ ಮೈದುನನೇ ಹಿತ್ತಾಳೆ ಕೊಂಡಿ ಹುಡುಕಿ ತಂದ. ವಿಜಯಪುರದವರು ಬರೆದದ್ದನ್ನು ಓದಿದ ಮೇಲೆ ಅವನು ಚೈನಿನ ಮಾತೆತ್ತಿಲ್ಲ. ಮೊದಲ ನಾಲ್ಕು ದಿನ ಗೇಟಿನಿಂದ ಎದುರುಮನೆಯವರೆಗೆ ಹೋಗಿಬರುವುದೇ ನಮ್ಮ ನಡಿಗೆಯಾಗಿತ್ತು, ಅದರಲ್ಲೂ ಹೆಚ್ಚು ಹೊತ್ತು ನಾನು ನಿಂತೇ ಇರುತ್ತಿದ್ದೆ. ನಿನ್ನೆ ಅದೇ ಮೂಲೆಯಲ್ಲಿ ಅದೇ ನಾಯಿಗಳು ಬೊಗಳಿದವು. ಚಿಗರಿ ಹಿಂದಕ್ಕೆ ಸರಿದು ತಲೆ ಕೊಡವಿತು, ಬೆಲ್ಟು ಬಿಗಿದು ಹಿಡಿಯಿತು, ಕಳಚಲಿಲ್ಲ. ನಾನು ಕೈ ಸಡಿಲಿಸಿ ಆಚೆ ಬದಿಗೆ ತಿರುಗಿದೆ. ಎರಡು ಹೆಜ್ಜೆ ತಡೆದು ಅದೂ ಬಂತು, ಮೊಣಕಾಲಿನ ಬಳಿ ಮೂಗು ತಾಗಿಸಿ ಮೊಟ್ಟೆಯ ಚೂರು ಕೇಳಿತು. ಎದೆಪಟ್ಟಿ ಇನ್ನೂ ಸಿಕ್ಕಿಲ್ಲ. ಮೂರು ಪಟ್ಟಿಯದು ಬೆಳಗಾವಿಯಲ್ಲಿ ಯಾರಿಗಾದರೂ ಕಂಡರೆ ತಿಳಿಸಿ. ಎದೆಯ ಸುತ್ತಳತೆ ಈಗ ಇಪ್ಪತ್ತೆರಡು ಇಂಚು ಇದೆ.