ಹಳೇ ಪೇಟೆಯ ಸುತ್ತಾಟ, ಜೊತೆಗೆ ಸ್ವಿಂಗ್ ಡ್ಯಾನ್ಸಿನ ಮೊದಲ ಪಾಠ: ಎರಡೂ ಒಂದೇ ಬೆಳಿಗ್ಗೆ ಆಗುತ್ತಾ?

ಮುಲುಂಡ್ ಸ್ಲೋ ಲೋಕಲ್:

ಎಲ್ಲರಿಗೂ ನಮಸ್ಕಾರ. ಮುಂಬಯಿಯ ನಮ್ಮ ಕನ್ನಡ ಸಂಘದ ಯುವ ವಿಭಾಗದ ಈ ವರ್ಷದ ಪಿಕ್‌ನಿಕ್ ಜವಾಬ್ದಾರಿ ನನ್ನ ತಲೆಗೆ ಬಂದಿದೆ. ಪ್ರತಿ ಸಲ ಕರ್ಜತ್ ಕಡೆಯ ಯಾವುದೋ ರಿಸಾರ್ಟು, ಅಂತ್ಯಾಕ್ಷರಿ, ಪನೀರ್ ತಿಂದು ಸುಸ್ತಾಗಿ ವಾಪಸ್. ಈ ಸಲ ಅದು ಬೇಡ ಅಂತ ಹಟ ಹಿಡಿದಿದ್ದೇನೆ.

ನಾನು ಈಚೆಗೆ ಸ್ವಿಂಗ್ ಡ್ಯಾನ್ಸ್ ಕಲಿಯುತ್ತಿದ್ದೇನೆ, ಲಿಂಡಿ ಹಾಪ್. ಕೇಳಿಲ್ಲದವರಿಗೆ ಹೇಳಬೇಕೆಂದರೆ, ನ್ಯೂಯಾರ್ಕಿನ ಹಾರ್ಲೆಮ್‌ನ ಕಪ್ಪು ಜನ 1920ರ ದಶಕದ ಕೊನೆಗೆ ಕಟ್ಟಿದ ಜೋಡಿ ಕುಣಿತ ಇದು. ಅಲ್ಲಿಯ ಸವಾಯ್ ಬಾಲ್‌ರೂಮ್ 1926ರಲ್ಲಿ ಶುರುವಾಯಿತು. ಕಪ್ಪು ಬಿಳಿ ಭೇದ ಇಲ್ಲದೆ ಎಲ್ಲರೂ ಒಂದೇ ನೆಲದ ಮೇಲೆ ಕುಣಿಯುತ್ತಿದ್ದರು. ಆ ಕಾಲದ ಅಮೆರಿಕದಲ್ಲಿ ಅದು ಸಣ್ಣ ಮಾತಲ್ಲ. ಅವರು ಕುಣಿಯುತ್ತಿದ್ದ ಜಾಝ್ ಸಂಗೀತ ಮುಂಬಯಿಗೂ ತಡಮಾಡದೆ ಬಂದಿತ್ತು. ಲಿಯಾನ್ ಆಬಿ ಎಂಬ ಪಿಟೀಲುವಾದಕರು 1935ರಲ್ಲಿ ಪೂರ್ತಿ ಕಪ್ಪು ಅಮೆರಿಕನ್ನರ ಬ್ಯಾಂಡ್ ಕರೆತಂದು ತಾಜ್ ಹೋಟೆಲಿನಲ್ಲಿ ನುಡಿಸಿದರು. ಅವರ ಹಿಂದೆಯೇ ಅಮೆರಿಕದ ಜಾಝ್ ವಾದಕರಾದ ಕ್ರಿಕೆಟ್ ಸ್ಮಿತ್, ಟೆಡ್ಡಿ ವೆದರ್‌ಫೋರ್ಡ್ ಬಂದರು.

ಹಾಗಾಗಿ ನನ್ನ ಪ್ಲಾನ್ ಹೀಗಿದೆ. ಭಾನುವಾರ ಬೆಳಿಗ್ಗೆ ಗೇಟ್‌ವೇ ಹತ್ತಿರ ಸೇರುವುದು. ತಾಜ್ ಮುಂದೆ ನಿಂತು ಈ ಕಥೆ ಹೇಳುವುದು. ಅಲ್ಲಿಂದ ರೀಗಲ್, ಕಾಲಾ ಘೋಡಾ, ಓವಲ್ ಮೈದಾನ, ಈರೋಸ್ ಟಾಕೀಸು, ಚರ್ಚ್‌ಗೇಟ್ ಬೀದಿ. ಕೊನೆಗೆ ಮರೀನ್ ಡ್ರೈವ್ ಕಟ್ಟೆಯ ಪಕ್ಕ ಸ್ಪೀಕರ್ ಇಟ್ಟು ಎಲ್ಲರಿಗೂ ಮೊದಲ ಹೆಜ್ಜೆ ಕಲಿಸುವುದು. ಸುಮಾರು 25 ಜನ, ತಲೆಗೆ 300 ರೂಪಾಯಿ. ಹದಿನೆಂಟರ ಹುಡುಗರಿಂದ ಹಿಡಿದು ನಮ್ಮ ಚಿಕ್ಕಮ್ಮನವರೆಗೆ ಎಲ್ಲರೂ ಇರುತ್ತಾರೆ. ಚಿಕ್ಕಮ್ಮ ಈಗಾಗಲೇ ಕೇಳಿ ಆಯಿತು: "ಕೈ ಹಿಡ್ಕೊಂಡು ಕುಣಿಯೋದಕ್ಕೆ ಸಂಘ ಬೇರೆ ಬೇಕಾ?"

ಎರಡೂ ಒಟ್ಟಿಗೆ ಕೂರುತ್ತದಾ? ಅಥವಾ ನಡೆದು ಸುಸ್ತಾದವರನ್ನು ಕುಣಿಸಲು ಹೋಗಿ ಬೈಸಿಕೊಳ್ಳುತ್ತೇನಾ? ಇಂಥದ್ದು ಮಾಡಿ ಗೊತ್ತಿರುವವರು ಹೇಳಿ.

ಧೋಬಿ ತಲಾವ್ ನೈಟ್ ಸ್ಕೂಲ್:

ತಂಗೀ, ಐಡಿಯಾ ಒಳ್ಳೆಯದುಂಟು. ದಾರಿ ಮಾತ್ರ ಬದಲಿಸಿ.

ನೀವು ಹೇಳಿದ ದಾರಿ ಆರಾಮಾಗಿ ನಡೆದು, ನಿಂತು, ಕಥೆ ಹೇಳಿ ಮುಗಿಸಲು ಮೂರು ಗಂಟೆ ಹೊತ್ತು ಬೇಕು. ಅಷ್ಟು ಹೊತ್ತಿಗೆ ಮರೀನ್ ಡ್ರೈವಿನಲ್ಲಿ ನೆರಳೂ ಇಲ್ಲ, ಕುಣಿಯುವ ಮನಸ್ಸೂ ಇರುವುದಿಲ್ಲ. ಅದು ಒಂದು ಮಾತು. ಇನ್ನೊಂದು ಮಾತು ನನಗೆ ಜಾಸ್ತಿ ಮುಖ್ಯ. ತಾಜ್ ಮುಂದೆ ನಿಂತು ನೀವು ಏನು ತೋರಿಸುತ್ತೀರಿ? ಆ ಬಾಲ್‌ರೂಮಿಗೆ ಹೋಗುತ್ತಿದ್ದವರು ದೊರೆಗಳು, ಸಂಸ್ಥಾನದ ರಾಜರು, ದುಡ್ಡಿದ್ದ ಪಾರ್ಸಿಗಳು. ಹೋಟೆಲುಗಳ ಬ್ಯಾಂಡಿನಲ್ಲಿ ವಾದ್ಯ ಊದಿದ ಗೋವಾದವರು ರಾತ್ರಿ ಕೆಲಸ ಮುಗಿಸಿ ಎಲ್ಲಿಗೆ ಹೋದರು ಅಂತ ಯಾರೂ ಕೇಳುವುದಿಲ್ಲ. ಅವರು ನುಡಿಸಿದ ಜಾಗಕ್ಕಿಂತ ಅವರು ಮಲಗಿದ ಜಾಗ ತೋರಿಸಿ. ಅದು ಧೋಬಿ ತಲಾವ್.

ಮೆಟ್ರೋ ಟಾಕೀಸಿನ ಎದುರು ಜೇರ್ ಮಹಲ್ ಅಂತ ಹಳೇ ಕಟ್ಟಡ ಉಂಟು. ಕೆಳಗೆ ಅಂಗಡಿಗಳು, ಮೇಲಿನ ಮಹಡಿಗಳಲ್ಲಿ ಗೋವಾದವರ ಕೂಡ್‌ಗಳು. ಕೂಡ್ ಅಂದರೆ ಒಂದೊಂದು ಊರಿನವರು ಸೇರಿ ಮಾಡಿಕೊಂಡ ತಂಗುದಾಣ. ಒಂದು ದೊಡ್ಡ ಕೋಣೆ, ಗೋಡೆಗೆ ತಾಗಿಸಿದ ಟ್ರಂಕುಗಳು, ಒಂದು ಬದಿಗೆ ಊರಿನ ಸಂತರ ಪೀಠ. ಸಂಜೆ ಎಲ್ಲರೂ ಸೇರಿ ಜಪಮಾಲೆ. ಹಡಗಿಗೆ ಕಾಯುವ ಖಲಾಸಿಗಳು, ಅಡುಗೆಯವರು, ಬ್ಯಾಂಡಿನವರು, ಎಲ್ಲರೂ ಕಡಿಮೆ ಬಾಡಿಗೆಯಲ್ಲಿ ಅಲ್ಲೇ. ನಾನು ಫೋರ್ಟಿನ ಹೋಟೆಲಿನಲ್ಲಿ ಕೆಲಸಕ್ಕಿದ್ದು ರಾತ್ರಿ ಕನ್ನಡ ಶಾಲೆಗೆ ಹೋದವನು. ಅಂಗಡಿ ಮುಚ್ಚಿದ ಮೇಲೆ ಮೇಜು ಜೋಡಿಸಿ ಅದರ ಮೇಲೆ ಮಲಗುತ್ತಿದ್ದೆವು. ಆ ಟ್ರಂಕುಗಳನ್ನು ನೋಡಿದಾಗ ನನಗೆ ಬೇರೆ ವಿವರಣೆ ಬೇಕಾಗಲಿಲ್ಲ. ನಿಮ್ಮ ಗುಂಪಿನಲ್ಲಿ ಅರ್ಧ ಮನೆಗಳ ಅಜ್ಜಂದಿರು ಹೀಗೆಯೇ ಬಂದವರಲ್ವಾ? ಆ ಹುಡುಗರಿಗೆ ಕಥೆ ಅಲ್ಲಿ ತಾಗುತ್ತದೆ.

ಗೋವಾದವರೇ ಯಾಕೆ ಅಂತ ಯಾರಾದರೂ ಕೇಳಿದರೆ ಉತ್ತರ ಉಂಟು. ಪೋರ್ಚುಗೀಸರ ಕಾಲದಲ್ಲಿ ಅಲ್ಲಿ ಚರ್ಚಿನ ಶಾಲೆಯಲ್ಲೇ ಹುಡುಗರಿಗೆ ಸ್ವರಲಿಪಿ ಓದಲು ಕಲಿಸಿ ಕೈಗೆ ಪಿಟೀಲು ಕೊಡುತ್ತಿದ್ದರು. ಕಾಗದ ನೋಡಿ ಒಟ್ಟಿಗೆ ನುಡಿಸುವ ಜನ ಬೇಕಾದಾಗ ಮೊದಲು ಹೋಟೆಲಿನವರು, ಆಮೇಲೆ ಸಿನಿಮಾದವರು ಇವರನ್ನೇ ಹುಡುಕಿ ಬಂದರು. ಚಿಕ್ ಚಾಕೊಲೆಟ್ ಅಂತ ಟ್ರಂಪೆಟ್‌ನವರು ಇದ್ದರು, ನಿಜ ಹೆಸರು ಅಂಟೋನಿಯೊ ಶಾವಿಯರ್ ವಾಝ್, ಅಲ್ದೋನಾದವರು. ಸಿನಿಮಾ ಸಂಗೀತ ನಿರ್ದೇಶಕ ಸಿ. ರಾಮಚಂದ್ರ ಅವರ ಜೊತೆ ಕೆಲಸ ಮಾಡಿದವರು. 1951ರ 'ಅಲ್ಬೇಲಾ'ದಲ್ಲಿ ಭಗವಾನ್ ದಾದಾ ಕುಣಿಯುವಾಗ ಇವರ ಬ್ಯಾಂಡೇ ತೆರೆಯ ಮೇಲೆ ಕಾಣುತ್ತದೆ. ಇನ್ನು ಅಂಥೋನಿ ಗೊನ್ಸಾಲ್ವಿಸ್. 'ಅಮರ್ ಅಕ್ಬರ್ ಆಂಥೋನಿ'ಯಲ್ಲಿ ಅಮಿತಾಭ್ ದೊಡ್ಡ ಮೊಟ್ಟೆಯಿಂದ ಹೊರಗೆ ಬಂದು ಹಾಡುವ ಆ ಹೆಸರು ಸುಮ್ನೆ ಕಟ್ಟಿದ್ದಲ್ಲ. ಮಜೋರ್ಡಾದ ಪಿಟೀಲು ಮೇಷ್ಟ್ರು ಅವರು. ಲಕ್ಷ್ಮೀಕಾಂತ್-ಪ್ಯಾರೇಲಾಲ್ ಜೋಡಿಯ ಪ್ಯಾರೇಲಾಲ್ ಅವರ ಹತ್ತಿರ ಕಲಿತವರು. ಇದನ್ನು ಹೇಳಿ ನೋಡಿ, ಫೋನು ನೋಡುತ್ತಿರುವವರೂ ತಲೆ ಎತ್ತುತ್ತಾರೆ.

ದಾರಿ ಇಷ್ಟೇ. ಮೆಟ್ರೋ (1938) ಎದುರು ಸೇರುವುದು. ಜೇರ್ ಮಹಲ್, ಅಲ್ಲೇ 1865ರಲ್ಲಿ ಶುರುವಾದ ವಾದ್ಯದ ಅಂಗಡಿ ಫುರ್ಟಾಡೋಸ್. ಆಮೇಲೆ ಝೇವಿಯರ್ಸ್ ಕಾಲೇಜಿನ ಕಡೆ ನಡೆದು ರಂಗ್ ಭವನ್. 1978ರಲ್ಲಿ ಜಾಝ್ ಯಾತ್ರಾ ಅನ್ನುವ ಸಂಗೀತೋತ್ಸವ ಮೊದಲ ಸಲ ನಡೆದದ್ದು ಆ ಬಯಲು ರಂಗಮಂದಿರದಲ್ಲಿ, ಅಮೆರಿಕದ ಸ್ಯಾಕ್ಸೊಫೋನ್ ವಾದಕ ಸನ್ನಿ ರೋಲಿನ್ಸ್ ಬಂದು ನುಡಿಸಿದ್ದರು. ಒಂದೂಕಾಲು ಗಂಟೆ ಸಾಕು.

ಎರಡು ಎಚ್ಚರಿಕೆ. ಕೂಡ್ ಅಂದರೆ ಜನ ಇರುವ ಮನೆ, ಮ್ಯೂಸಿಯಂ ಅಲ್ಲ. ಮೊದಲೇ ಹೋಗಿ ಕೇಳಿ, ಒಪ್ಪಿದರೆ ನಾಲ್ಕು ನಾಲ್ಕು ಜನ ಹೋಗಿ ಬನ್ನಿ, ಇಲ್ಲದಿದ್ದರೆ ಮೆಟ್ಟಿಲ ಕೆಳಗೆ ನಿಂತೇ ಹೇಳಿ. ಮಲಗಿದವರ ಫೋಟೋ ತೆಗೆಯುವುದು ಬೇಡವೇ ಬೇಡ. ಮತ್ತೆ, ಬೀದಿಯಲ್ಲಿ ಸ್ಪೀಕರ್ ಮರೆತುಬಿಡಿ. ಆಸ್ಪತ್ರೆ, ಶಾಲೆ ಕಾಲೇಜು, ಕೋರ್ಟು ಇವುಗಳ ಸುತ್ತ 100 ಮೀಟರ್‌ವರೆಗೆ ಸೈಲೆನ್ಸ್ ಝೋನ್, ಅಂದರೆ ಸದ್ದು ಮಾಡಬಾರದ ಜಾಗ, ಅಂತ ಸರಕಾರ ಘೋಷಿಸಿರಬಹುದು. ಆ ಭಾಗದಲ್ಲಿ ಎಲ್ಲಿ ನಿಂತರೂ ಯಾವುದಾದರೊಂದು ಸಿಗುತ್ತದೆ. ರಂಗ್ ಭವನ್ ಸದ್ದಡಗಿದ್ದೂ ಅದೇ ನಿಯಮದಿಂದ.

ಠಾಣೆ ತಕಿಟ:

ಮೇಲಿನ ಸರ್ ಹೇಳಿದ ದಾರಿಗೆ ನನ್ನ ಓಟು. ನಾನು ಭರತನಾಟ್ಯ ಕಲಿತು, ಆಮೇಲೆ ಲಿಂಡಿಗೆ ಬಿದ್ದವಳು. ಹೊಸಬರಿಗೆ ಕಲಿಸುತ್ತೇನೆ. ಪಾಠದ ಭಾಗ ನಾನು ಹೇಳುತ್ತೇನೆ.

ಮರೀನ್ ಡ್ರೈವಿನ ನೆಲದಲ್ಲಿ ಹೊಸಬರನ್ನು ಕುಣಿಸಬೇಡಿ. ವಾಕಿಂಗ್ ಶೂಗಳ ರಬ್ಬರ್ ಅಟ್ಟೆ ಒರಟು ನೆಲವನ್ನು ಕಚ್ಚಿಕೊಳ್ಳುತ್ತದೆ. ಮೈ ತಿರುಗುತ್ತದೆ, ಪಾದ ತಿರುಗುವುದಿಲ್ಲ, ಪೆಟ್ಟು ಮಂಡಿಗೆ. ಹಳೇ ಮೊಸಾಯಿಕ್ ನೆಲದ ಒಂದು ಹಾಲ್ ಹುಡುಕಿ. ಆ ಭಾಗದಲ್ಲಿ ಶಾಲೆಯ ಹಾಲ್, ಚರ್ಚಿನ ಹಾಲ್ ಇರುತ್ತವೆ, ಕೇಳಿ ನೋಡಿ. ಬಾಗಿಲು ಹಾಕಿ ಸಣ್ಣ ಬ್ಲೂಟೂತ್ ಸ್ಪೀಕರ್ ಇಟ್ಟರೆ 25 ಜನಕ್ಕೆ ಧಾರಾಳ ಕೇಳುತ್ತದೆ. ಚಪ್ಪಲಿ ಬೇಡ, ಬರೀ ಸಾಕ್ಸ್ ಕೂಡ ಬೇಡ, ಜಾರುತ್ತದೆ.

ನಡೆದು ಬಂದವರಿಗೆ ಕುಣಿತ ಕಷ್ಟ ಅಂದುಕೊಂಡಿದ್ದೀರಿ. ನಿಜಕ್ಕೂ ಅದೇ ಅನುಕೂಲ. ಲಿಂಡಿಯ ಮೊದಲ ಪಾಠ ನಡಿಗೆಯೇ. ಹಾಡು ಹಾಕಿ, ಮಂಡಿ ಸ್ವಲ್ಪ ಸಡಿಲ ಬಿಟ್ಟು, ತಾಳಕ್ಕೆ ಮೈ ಕೆಳಗಿಳಿಸುತ್ತಾ ಹಾಲ್ ತುಂಬಾ ನಡೆಸಿ. ಹತ್ತು ನಿಮಿಷ ಬರೀ ಇದು. ಆಮೇಲೆ ಆರು ಎಣಿಕೆಯ ಹೆಜ್ಜೆ. ಒಂದು ಎರಡಕ್ಕೆ ರಾಕ್ ಸ್ಟೆಪ್, ಹಿಂದಕ್ಕೆ ಒಂದು ಕಾಲು, ಮತ್ತೆ ಇದ್ದಲ್ಲಿಗೆ. ಮೂರು ನಾಲ್ಕಕ್ಕೆ ಒಂದು ಟ್ರಿಪಲ್ ಸ್ಟೆಪ್ (ಎರಡು ಎಣಿಕೆಯಲ್ಲಿ ಮೂರು ಹೆಜ್ಜೆ), ಐದು ಆರಕ್ಕೆ ಇನ್ನೊಂದು. ನಮ್ಮವರಿಗೆ ಟ್ರಿಪಲ್ ಅನ್ನು "ತಕಿಟ" ಅಂತ ಹೇಳಿದರೆ ಥಟ್ಟನೆ ಹತ್ತುತ್ತದೆ. ಆದರೆ ತಕಿಟದಲ್ಲಿ ಮೂರೂ ಸಮ. ಇಲ್ಲಿ ಮೊದಲನೆಯದು ಎಳೆದು, ನಡುವಿನದು ಗಿಡ್ಡ ಮಾಡಿ, ಮೂರನೆಯದರ ಮೇಲೆ ಕೂರಬೇಕು: ತಾ..ಕಿಟ. ಎರಡು ಸಲ ಬಾಯಲ್ಲಿ ಹೇಳಿಸಿ, ಕಾಲು ತಾನೇ ಬರುತ್ತದೆ.

ಹಾಡು ನಿಮಿಷಕ್ಕೆ 120 ತಾಳದ ಆಸುಪಾಸು ಇರಲಿ. ಸವಾಯ್‌ನಲ್ಲಿ 200 ದಾಟಿ ಕುಣಿಯುತ್ತಿದ್ದರು, ಅದು ನಮಗೆ ಬೇಡ. ಯಾರಾದರೂ ಹುಡುಗ ಯೂಟ್ಯೂಬ್ ನೋಡಿ ಬಂದು ಜೋಡಿಯನ್ನು ಎತ್ತಿ ಎಸೆಯುತ್ತೇನೆ ಅಂತ ಹೊರಡುತ್ತಾನೆ, ಇದ್ದೇ ಇರುತ್ತಾನೆ. ಅವನಿಗೆ ಹೇಳಿ, ಸವಾಯ್‌ನ ಹೆಸರಾಂತ ಕುಣಿತಗಾರ ಫ್ರಾಂಕಿ ಮ್ಯಾನಿಂಗ್ ಆ ಪಟ್ಟು ಮೊದಲು ತೋರಿಸಿದ್ದು 1935ರಲ್ಲಿ, ಅದೂ ಸಾಕಷ್ಟು ಅಭ್ಯಾಸ ಮಾಡಿ. ಅಂದರೆ ತಾಜ್‌ಗೆ ಆಬಿ ಬಂದ ಅದೇ ವರ್ಷ. ಕಥೆಗೂ ಆಯಿತು, ಹುಡುಗನನ್ನು ತಡೆದ ಹಾಗೂ ಆಯಿತು.

ಕೈ ಹಿಡಿಯುವ ವಿಷಯ. ಜೋಡಿ ಖಾಯಂ ಬೇಡ. ಒಂದು ವೃತ್ತ ಮಾಡಿ, ಎರಡು ಮೂರು ನಿಮಿಷಕ್ಕೊಮ್ಮೆ ಬದಲಾಯಿಸುತ್ತಾ ಹೋಗಿ. ಯಾರು ನಡೆಸಬೇಕು, ಯಾರು ಹಿಂಬಾಲಿಸಬೇಕು ಅನ್ನುವುದು ಗಂಡು ಹೆಣ್ಣಿನ ಲೆಕ್ಕವಲ್ಲ, ಅವರವರ ಇಷ್ಟ. ಬೆರಳು ಕೊಕ್ಕೆಯ ಹಾಗೆ ಮಡಚಿ ತಾಗಿಸಿದರೆ ಸಾಕು, ಹೆಬ್ಬೆರಳಿಂದ ಅಮುಕುವುದಿಲ್ಲ. ಬೇಡ ಅಂದವರಿಗೆ ಒಬ್ಬರೇ ಕುಣಿಯುವ ಚಾರ್ಲ್‌ಸ್ಟನ್ ಇದೆ. ನಿಮ್ಮ ಚಿಕ್ಕಮ್ಮನಿಗೆ ಅದನ್ನೇ ಮೊದಲು ಹೇಳಿಕೊಡಿ. ಅರ್ಧ ಗಂಟೆ ಆದ ಮೇಲೆ ಅವರೇ ವೃತ್ತಕ್ಕೆ ಬರದಿದ್ದರೆ ಕೇಳಿ.

ವಾಶಿ ವಾದ:

ಸುಮ್ನೆ ಕೇಳ್ತೇನೆ, ಬೇಜಾರಾಗಬೇಡಿ. ಧೋಬಿ ತಲಾವ್‌ನ ಗೋವಾದವರು ಲಿಂಡಿ ಹಾಪ್ ಕುಣಿದರಾ? ಇಲ್ಲ ಅಂದರೆ ಈ ಎರಡನ್ನು ಯಾಕೆ ಗಂಟು ಹಾಕುವುದು? ಈಗ ಹೆರಿಟೇಜ್ ವಾಕ್ ಅಂದರೆ ಯಾರು ಏನು ಬೇಕಾದರೂ ಹೇಳುತ್ತಾರೆ. ಒಂದು ವಾಕ್‌ನಲ್ಲಿ ಗೈಡ್ ಎಲ್ಲ ಕಟ್ಟಡಕ್ಕೂ ಒಂದೊಂದು ಪ್ರೇಮಕಥೆ ಹೇಳಿದ.

ಧೋಬಿ ತಲಾವ್ ನೈಟ್ ಸ್ಕೂಲ್:

ನ್ಯಾಯದ ಪ್ರಶ್ನೆ. ಬಾಲ್‌ರೂಮಿನಲ್ಲಿ ಕುಣಿದದ್ದು ಫಾಕ್ಸ್‌ಟ್ರಾಟ್, ವಾಲ್ಟ್ಝ್. ಇವರು ವೇದಿಕೆಯ ಮೇಲೆ ಕೆಲಸದಲ್ಲಿದ್ದವರು, ಕುಣಿಯಲು ಪುರುಸೊತ್ತು ಎಲ್ಲಿಂದ? ಹಾಗಾಗಿ "ಇಲ್ಲಿ ಲಿಂಡಿ ಕುಣಿದರು" ಅಂತ ಹೇಳಲೇಬಾರದು. ಹಾರ್ಲೆಮ್‌ನವರು ಯಾವ ಸಂಗೀತಕ್ಕೆ ಕುಣಿದರೋ ಆ ಬಗೆಯ ಸಂಗೀತವನ್ನು ಈ ಕಟ್ಟಡದಲ್ಲಿ ಮಲಗಿ ಎದ್ದವರು ದಿನಾ ನುಡಿಸಿದರು. ಗಂಟು ಅಷ್ಟೇ, ಸಾಕಲ್ವಾ?

ಮುಲುಂಡ್ ಸ್ಲೋ ಲೋಕಲ್:

ಎಲ್ಲರಿಗೂ ಥ್ಯಾಂಕ್ಸ್. ವಾಶಿಯವರಿಗೂ, ಆ ಪ್ರಶ್ನೆ ನಮ್ಮ ಸಂಘದಲ್ಲಿ ಖಂಡಿತ ಬರುತ್ತಿತ್ತು. ತಾಜ್ ಬಿಟ್ಟೆ. ಮೆಟ್ರೋ ಎದುರು ಏಳೂವರೆಗೆ ಸೇರುತ್ತೇವೆ. ಮೊದಲು 120 ತಾಳದ ನಾಲ್ಕು ಹಾಡು ಆರಿಸಿಡುತ್ತೇನೆ. ಚರ್ಚಿನ ಒಂದು ಹಾಲ್‌ಗೆ ನಾಳೆ ಹೋಗಿ ಮಾತಾಡಬೇಕು. ಭಾನುವಾರ ಬೆಳಿಗ್ಗೆ ಪೂಜೆ ಇರುತ್ತದಲ್ಲ, ಅದಕ್ಕೆ ಒಪ್ಪದೇ ಇರಬಹುದು ಅನ್ನೋ ಭಯ. ಶನಿವಾರ ಮಾಡಿದರೆ ಅರ್ಧ ಜನಕ್ಕೆ ಆಫೀಸು. ಚಹಾ ನಡಿಗೆಗೆ ಮೊದಲೋ, ಕುಣಿದ ಮೇಲೋ?

ಧೋಬಿ ತಲಾವ್ ನೈಟ್ ಸ್ಕೂಲ್:

ಚಹಾ ನಡುವೆ. ಜೇರ್ ಮಹಲ್ ಎಸ್ಟೇಟಿನಲ್ಲೇ ಕ್ಯಾನಿ ಉಂಟು, 1904ರ ಇರಾನಿ ಹೋಟೆಲು. ಆದರೆ 25 ಜನ ಒಮ್ಮೆಗೇ ನುಗ್ಗಿದರೆ ಜಾಗ ಸಿಗುವುದಿಲ್ಲ, ಎರಡು ಗುಂಪು ಮಾಡಿ. ಒಂದು ಗುಂಪು ಬನ್ ಮಸ್ಕಾ ತಿನ್ನುವಾಗ ಇನ್ನೊಂದು ಮೆಟ್ಟಿಲ ಕೆಳಗೆ ಕಥೆ ಕೇಳಲಿ. ಹಾಲ್ ಭಾನುವಾರವೇ ಕೇಳಿ, ಪೂಜೆ ಮುಗಿದ ಮೇಲಿನ ಹೊತ್ತಿಗೆ. ಮೆಗಾಬ್ಲಾಕ್ (ಭಾನುವಾರ ಹಳಿ ರಿಪೇರಿಗೆ ರೈಲು ನಿಲ್ಲಿಸುವುದು) ನೋಡಿಕೊಳ್ಳಿ, ನಿಮ್ಮದು ಸೆಂಟ್ರಲ್ ಲೈನ್. ಬರುವಾಗ ತೊಂದರೆ ಇಲ್ಲ, ವಾಪಸ್ ಹೋಗುವಾಗಲೇ ಸಿಕ್ಕಿಹಾಕಿಕೊಳ್ಳುವುದು.

ಠಾಣೆ ತಕಿಟ:

ಸೀರೆಯವರಿಗೆ ಒಂದು ಮಾತು ಮೊದಲೇ ಹೇಳಿಬಿಡಿ: ಪಾದದ ಗಂಟು ಕಾಣುವಷ್ಟು ಎತ್ತಿ ಉಡಬೇಕು, ಸೆರಗು ಸೊಂಟಕ್ಕೆ ಸಿಕ್ಕಿಸಬೇಕು. ರಾಕ್ ಸ್ಟೆಪ್‌ನಲ್ಲಿ ಕಾಲು ಹಿಂದಕ್ಕೆ ಹೋಗುವಾಗ ನೆರಿಗೆ ತುಳಿಯುತ್ತಾರೆ. ಸಲ್ವಾರ್ ಆದರೆ ಚಿಂತೆಯಿಲ್ಲ. ಹಾಲ್ ಸಿಕ್ಕಿದ ದಿನ ಇಲ್ಲಿ ಹಾಕಿ, ಪಾಠಕ್ಕೆ ನಾನೂ ಬರುತ್ತೇನೆ.